ಕಂಬಿ ಬಿಟ್ಟ ಮಣಿ

ಋಣ ಸಂಖ್ಯೆಗೆ ವರ್ಗಮೂಲ ಇಲ್ಲ. ಈ ಮಾತನ್ನು ಕಾರಣ ಸಮೇತ ಬರೆದಿಟ್ಟ ಮೊದಲಿಗರಲ್ಲಿ ಒಬ್ಬರು ನಮ್ಮ ನಾಡಿನವರೇ ಅಂತ ನಿಮಗೆ ಗೊತ್ತಿತ್ತಾ? ಮಹಾವೀರಾಚಾರ್ಯರು. ರಾಷ್ಟ್ರಕೂಟರ ಅಮೋಘವರ್ಷ ನೃಪತುಂಗನ ಕಾಲದವರು. ಅವರ 'ಗಣಿತಸಾರಸಂಗ್ರಹ' ಸುಮಾರು ಕ್ರಿ.ಶ. 850ರ ಪುಸ್ತಕ. ನಾವು ನೃಪತುಂಗ ಅಂದ ಕೂಡಲೇ 'ಕವಿರಾಜಮಾರ್ಗ' ಅಂತ ಶುರು ಹಚ್ಚಿಕೊಳ್ಳುತ್ತೇವೆ. ಅದೇ ಕಾಲದಲ್ಲಿ ಒಬ್ಬರು ಸಾವಿರಕ್ಕೂ ಹೆಚ್ಚು ಶ್ಲೋಕಗಳಲ್ಲಿ ಬರೀ ಲೆಕ್ಕ ಬರೆದರು ಅನ್ನೋದು ನಮ್ಮ ಸಾಹಿತ್ಯದ ಮಾತುಕತೆಯಲ್ಲಿ ಬರೋದೇ ಕಮ್ಮಿ. (ಲೆಕ್ಕ ಅಂದರೆ ನಮ್ಮವರಿಗೆ ಜ್ವರ, ಏನ್ಮಾಡೋದು ಬಿಡಿ.)

ಅವರು ಹೇಳಿದ್ದರ ಸಾರ ಇಷ್ಟೇ. ಧನ ಸಂಖ್ಯೆಯನ್ನು ಅದರಿಂದಲೇ ಗುಣಿಸಿದರೂ ಧನ ಬರುತ್ತದೆ, ಋಣ ಸಂಖ್ಯೆಯನ್ನು ಅದರಿಂದಲೇ ಗುಣಿಸಿದರೂ ಧನವೇ ಬರುತ್ತದೆ. 3ರ ವರ್ಗ 9, -3ರ ವರ್ಗವೂ 9. ಹಾಗಾಗಿ ಋಣ ಸಂಖ್ಯೆ ಅನ್ನೋದು ಯಾವುದರ ವರ್ಗವೂ ಆಗಲಾರದು. ವರ್ಗವೇ ಅಲ್ಲದ್ದಕ್ಕೆ ವರ್ಗಮೂಲ ಎಲ್ಲಿಂದ ತರೋದು? ಮುನ್ನೂರು ವರ್ಷದ ನಂತರ, 1150ರಲ್ಲಿ, ಭಾಸ್ಕರಾಚಾರ್ಯರೂ 'ಬೀಜಗಣಿತ'ದಲ್ಲಿ ಇದನ್ನೇ ಹೇಳಿದರು. (ಅವರು ವಿಜಯಪುರದವರು ಅಂತ ನಾವು, ತಮ್ಮವರು ಅಂತ ಮಹಾರಾಷ್ಟ್ರದವರು. ಆ ಜಗಳ ಇವತ್ತು ಬೇಡ.)

ಇದನ್ನೆಲ್ಲ ಈಗ ಯಾಕೆ ಕೊರೀತಿದ್ದೀನಿ ಅಂದರೆ, ನಮ್ಮ ಅಕ್ಕನ ಮಗಳು.

ಅವಳು ಚನ್ನಪಟ್ಟಣದಲ್ಲೇ ಹತ್ತನೇ ಕ್ಲಾಸಿನವರೆಗೆ ಕನ್ನಡ ಮೀಡಿಯಂ ಓದಿದವಳು. ಗಣಿತದಲ್ಲಿ ಚುರುಕು. ಎಸ್ಸೆಸ್ಸೆಲ್ಸಿ ಆದಮೇಲೆ ಸೈನ್ಸೇ ಬೇಕು ಅಂತ ಹಟ ಹಿಡಿದು ಪಿಯುಸಿಗೆ ಸೇರಿಕೊಂಡಳು. ಅಲ್ಲಿಂದ ಮುಂದೆ ಎಲ್ಲ ಇಂಗ್ಲಿಷ್. ಎರಡು ತಿಂಗಳು ಕಳೆದಿರಲಿಲ್ಲ, "ಕಾಮರ್ಸ್‌ಗೆ ಬದಲಾಯಿಸಿಕೊಳ್ತಾಳಂತೆ, ನೀನಾದ್ರೂ ಬಂದು ಒಂದ್ಮಾತು ಕೇಳು" ಅಂತ ಅಕ್ಕನ ಫೋನು. ಭಾನುವಾರ ಹೋದೆ. ಹುಡುಗಿ ನೋಟ್‌ಬುಕ್ ತಂದು ಮುಂದಿಟ್ಟಳು. ಹತ್ತನೇ ಕ್ಲಾಸಿನ ನೋಟ್ಸಿನಲ್ಲಿ ಅವಳದೇ ದುಂಡು ಅಕ್ಷರ: ಶೋಧಕ ಸೊನ್ನೆಗಿಂತ ಕಡಿಮೆಯಿದ್ದರೆ ವಾಸ್ತವ ಮೂಲಗಳಿಲ್ಲ. ಪಕ್ಕದಲ್ಲಿ ಪಿಯುಸಿ ನೋಟ್ಸು. ಅದೇ ವರ್ಗ ಸಮೀಕರಣ, ಅದೇ ಋಣ ಶೋಧಕ, ಆದರೆ ಕೆಳಗೆ ಎರಡು ಉತ್ತರ!

"ಮಾವ, ಅಲ್ಲಿ ಇಲ್ಲ ಅಂದ್ರು. ಇಲ್ಲಿ ಐ ಅಂತ ಒಂದು ಅಕ್ಷರ ಬರೆದು ಇದೆ ಅಂತಾರೆ. ಯಾವ್ದು ಸುಳ್ಳು?"

ಕ್ಲಾಸಿನಲ್ಲಿ ಇದೇ ಪ್ರಶ್ನೆ ಕೇಳಿದ್ದಕ್ಕೆ "ಅದೆಲ್ಲ ಯೋಚನೆ ಮಾಡಬೇಡ, ಫಾರ್ಮುಲಾ ಹಾಕು" ಅಂದರಂತೆ. ಅದೂ ಇಂಗ್ಲಿಷಿನಲ್ಲಿ. ಹುಡುಗಿಗೆ ಅನ್ನಿಸಿದ್ದು, ಇದು ಇಂಗ್ಲಿಷ್ ಬಂದವರಿಗೆ ಮಾತ್ರ ಅರ್ಥ ಆಗೋ ವಿಷಯ, ತನಗಲ್ಲ ಅಂತ. ನನಗೆ ಬೇಜಾರಾಗಿದ್ದು ಇದಕ್ಕೇ. ಅವಳು ಕೇಳಿದ ಪ್ರಶ್ನೆ ಯೂರೋಪಿನ ಘಟಾನುಘಟಿಗಳನ್ನು ಇನ್ನೂರೈವತ್ತು ವರ್ಷ ಕಾಡಿದ ಪ್ರಶ್ನೆ. ಅದು ಹೊಳೆದದ್ದು ಜಾಣತನದ ಗುರುತು. ಅವಳಿಗೆ ಅನ್ನಿಸಿದ್ದು ದಡ್ಡತನ ಅಂತ.

ಮೊದಲು 'ಇಲ್ಲ' ಅನ್ನೋದರಲ್ಲಿ ಎಷ್ಟು ನಿಜ ಇದೆ ನೋಡೋಣ ಅಂದೆ. ಇಪ್ಪತ್ತು ಅಡಿ ಹಗ್ಗ ಇದೆ ಅಂತಿಟ್ಟುಕೋ. ಅದನ್ನು ಸುತ್ತ ಕಟ್ಟಿ ನಲವತ್ತು ಚದರಡಿಯ ಆಯತ ಮಾಡಬೇಕು. ಉದ್ದ ಅಗಲ ಕೂಡಿದರೆ 10, ಗುಣಿಸಿದರೆ 40. ಆಗುತ್ತಾ? ಅವಳು ಮನಸ್ಸಲ್ಲೇ ಲೆಕ್ಕ ಹಾಕಿ, ಐದೈದ್ಲಿ ಇಪ್ಪತ್ತೈದು, ಅದಕ್ಕಿಂತ ಜಾಸ್ತಿ ಬರಲ್ಲ ಅಂದಳು. ಸರಿಯಾದ ಉತ್ತರ. ಇಲ್ಲಿ 'ಇಲ್ಲ' ಅನ್ನೋದೇ ಉಪಯೋಗದ ಮಾತು. ಹಗ್ಗ ಸಾಲದು, ಅಂಗಡಿಗೆ ಹೋಗಿ ಇನ್ನಷ್ಟು ತಾ ಅಂತ ಅರ್ಥ. ಮಹಾವೀರಾಚಾರ್ಯರ ಪುಸ್ತಕದ ಲೋಕವೂ ಇಂಥದ್ದೇ. ಹೊಲದ ಅಳತೆ, ಚಿನ್ನದ ಲೆಕ್ಕ, ಬಡ್ಡಿ, ಅಗೆತ, ನೆರಳಿನ ಅಳತೆ. ಅಲ್ಲಿ ಋಣ ಅಂದರೆ ಸಾಲ. ಸಾಲ ಕೂಡಿಸಬಹುದು, ತೀರಿಸಬಹುದು. ಸಾಲಕ್ಕೆ ವರ್ಗಮೂಲ ಕೇಳಿದರೆ ಸಾಹುಕಾರ ಮುಖ ಮುಖ ನೋಡ್ತಾನೆ ಅಷ್ಟೆ.

ಅವರು ಹೇಳಿದ್ದೆಲ್ಲ ಸರಿ ಅಂತ ನನ್ನ ವಾದ ಅಲ್ಲ. ಒಂದು ಸಂಖ್ಯೆಯನ್ನು ಸೊನ್ನೆಯಿಂದ ಭಾಗಿಸಿದರೆ ಅದು ಹಾಗೇ ಉಳಿಯುತ್ತೆ ಅಂತಲೂ ಅದೇ ಪುಸ್ತಕದಲ್ಲಿದೆ. ಅದು ತಪ್ಪು, ಯಾವ ಲೋಕದಲ್ಲೂ ತಪ್ಪು. ಆದರೆ ವರ್ಗಮೂಲದ ಮಾತು ಬೇರೆ. ತಮ್ಮ ಕೈಲಿದ್ದ ಸಂಖ್ಯೆಗಳನ್ನೆಲ್ಲ ಇಟ್ಟುಕೊಂಡು, ಇವುಗಳಲ್ಲಿ ಯಾವುದೂ ಈ ಕೆಲಸಕ್ಕೆ ಬರಲ್ಲ ಅಂತ ಕಾರಣ ಕೊಟ್ಟು ತೋರಿಸಿದ್ದಾರೆ. ಇವತ್ತಿಗೂ ಆ ಕಾರಣದಲ್ಲಿ ಒಂದು ಬಿರುಕಿಲ್ಲ. ಹತ್ತನೇ ಕ್ಲಾಸಿನ ಪುಸ್ತಕದಲ್ಲಿ 'ವಾಸ್ತವ' ಅನ್ನೋ ಪದ ಇದೆಯಲ್ಲ, ಅದು ಸುಮ್ಮನೆ ಇಲ್ಲ. 'ಮೂಲಗಳಿಲ್ಲ' ಬೇರೆ, 'ವಾಸ್ತವ ಮೂಲಗಳಿಲ್ಲ' ಬೇರೆ. ನಾವು ಓದುವಾಗ ಆ ಪದ ನುಂಗಿಬಿಡ್ತೀವಿ, ಹೇಳಿಕೊಡೋರೂ ನುಂಗಿಬಿಡ್ತಾರೆ.

ಹಗ್ಗದ ಈ ಲೆಕ್ಕ ಇದೆಯಲ್ಲ, ಹತ್ತನ್ನು ಎರಡು ಪಾಲು ಮಾಡು, ಗುಣಿಸಿದರೆ ನಲವತ್ತು ಬರಬೇಕು ಅನ್ನೋದು, ಇದನ್ನೇ ಇಟಲಿಯ ಕಾರ್ಡಾನೋ 1545ರಲ್ಲಿ ತನ್ನ ಪುಸ್ತಕದಲ್ಲಿ ಹಾಕಿದ್ದಾನೆ. ಉತ್ತರವಾಗಿ 5+√-15 ಮತ್ತು 5-√-15 ಅಂತ ಬರೆದ. ಕೂಡಿದರೆ √-15 ಹೊಡೆದುಹೋಗಿ 10. ಗುಣಿಸಿದರೆ 25ರಲ್ಲಿ -15 ಕಳೆದು 40. ತಾಳೆ ಆಗುತ್ತೆ! ಆದರೆ ಇದರಿಂದ ಉಪಯೋಗ ಇಲ್ಲ ಅಂತ ಅವನೇ ಕೈಬಿಟ್ಟ. ಹಗ್ಗದವನಿಗೆ ಉಪಯೋಗ ಇಲ್ಲ, ನಿಜ ತಾನೆ.

ಕಥೆ ತಿರುವು ತಗೊಳ್ಳೋದು 1572ರಲ್ಲಿ, ಬೊಂಬೆಲ್ಲಿ ಅನ್ನೋ ಇನ್ನೊಬ್ಬ ಇಟಲಿಯವನಿಂದ. ಇದು ನನಗೆ ತುಂಬಾ ಇಷ್ಟ, ಸ್ವಲ್ಪ ತಾಳ್ಮೆಯಿಂದ ಓದಿ. ಒಂದು ಸಂಖ್ಯೆಯ ಘನ, ಅದರ 15 ಪಟ್ಟಿಗಿಂತ 4 ಜಾಸ್ತಿ ಇದೆ. ಯಾವ ಸಂಖ್ಯೆ? ಸುಮ್ಮನೆ ಹುಡುಕಿದರೂ ಸಿಗುತ್ತೆ: 4. ನಾಲ್ಕರ ಘನ 64, ನಾಲ್ಕರ ಹದಿನೈದು ಪಟ್ಟು 60, ಅದಕ್ಕೆ 4 ಸೇರಿದರೆ 64. ಇಂಥ ಘನ ಸಮೀಕರಣ ಬಿಡಿಸಲು ಆಗಲೇ ಒಂದು ಸೂತ್ರ ಇತ್ತು. ಅದರಲ್ಲಿ ಹಾಕಿದರೆ ಮಧ್ಯದಲ್ಲಿ √-121 ಎದುರಾಗುತ್ತೆ! ಉತ್ತರ 4 ಅಂತ ಕಣ್ಣೆದುರಿಗೇ ಇದೆ, ಅಲ್ಲಿಗೆ ಹೋಗೋ ದಾರಿ ಮಾತ್ರ 'ಇಲ್ಲ' ಅನ್ನೋ ಊರಿನ ಮೇಲೇ ಹಾದುಹೋಗುತ್ತೆ.

ಹಗ್ಗದ ಲೆಕ್ಕದ ಹಾಗೆ 'ಇಲ್ಲ' ಅಂತ ಎದ್ದು ಹೋಗೋ ಹಾಗಿಲ್ಲ ಇಲ್ಲಿ. ಬೊಂಬೆಲ್ಲಿ ಧೈರ್ಯ ಮಾಡಿದ. √-1 ಅನ್ನೋದು ಇದೆ ಅಂತಲೇ ಇಟ್ಟುಕೊಂಡು, ಮಾಮೂಲಿ ನಿಯಮಗಳ ಪ್ರಕಾರ ಕೂಡಿ ಗುಣಿಸಿದ. 2+√-1 ಅನ್ನೋದರ ಘನ ತೆಗೆದರೆ 2+11√-1 ಬರುತ್ತೆ, ಅದೇ 2+√-121. ಹಾಗಾಗಿ ಸೂತ್ರದಲ್ಲಿದ್ದ ಎರಡು ಭಯಂಕರ ಘನಮೂಲಗಳು ಕರಗಿ 2+√-1 ಮತ್ತು 2-√-1 ಆದವು. ಕೂಡಿದರೆ 4. ಹುಡುಗಿಗೆ ಪೆನ್ಸಿಲ್ ಕೊಟ್ಟು ನೀನೇ ಘನ ತೆಗೆದು ನೋಡು ಅಂದೆ. ಎರಡು ಸಲ ಗುಣಿಸಿ, 11 ಬಂದಾಗ ಅವಳ ಹುಬ್ಬು ಮೇಲೇರಿತು. (ನೀವೂ ಒಂದು ಚೀಟಿ ತಗೊಂಡು ಮಾಡಿ ನೋಡಿ, ಎರಡು ನಿಮಿಷದ ಕೆಲಸ. ಓದಿ ಬಿಟ್ಟರೆ ಮಜಾ ಇಲ್ಲ.)

"ಆಯ್ತು, ಲೆಕ್ಕ ಸರಿ ಬರುತ್ತೆ. ಆದ್ರೆ ಅದು ಎಲ್ಲಿದೆ?" ಅಂದಳು.

ಇದಕ್ಕೆ ಉತ್ತರ ಅವರ ಮನೆ ಜಗಲಿ ಮೇಲೇ ಬಿದ್ದಿತ್ತು. ಭಾವ ಬೊಂಬೆ ಕೆಲಸದವರು. ಮನೆ ಪಕ್ಕದ ಶೆಡ್ಡಿನಲ್ಲೇ ಒಂದು ಲೇತ್ ಇದೆ. ಚನ್ನಪಟ್ಟಣದ ಕೆಲಸ ನೋಡದವರಿಗೆ ಹೇಳಬೇಕು: ಆಲೆ ಮರದ ತುಂಡನ್ನು ಲೇತಿಗೆ ಕೊಟ್ಟು ತಿರುಗಿಸಿ ಉಳಿಯಲ್ಲಿ ಕಡೀತಾರೆ. ಆಮೇಲೆ ಬಣ್ಣದ ಅರಗಿನ ಕಡ್ಡಿಯನ್ನು ತಿರುಗೋ ಮರಕ್ಕೆ ಒತ್ತಿ ಹಿಡೀತಾರೆ. ಉಜ್ಜಿದ ಬಿಸಿಗೇ ಅರಗು ಕರಗಿ ಮರಕ್ಕೆ ಹತ್ತಿಕೊಳ್ಳುತ್ತೆ. ಕುದುರೆ, ಬುಗುರಿ, ಗಿಲಕಿ ಜೊತೆಗೆ ಮಕ್ಕಳು ಎಣಿಸೋದು ಕಲಿಯೋ ಮಣಿ ಚೌಕಟ್ಟೂ ನಮ್ಮೂರಲ್ಲಿ ಮಾಡ್ತಾರೆ. ಹತ್ತು ಕಂಬಿ, ಕಂಬಿಗೆ ಹತ್ತು ಮಣಿ. ಅಂಥದ್ದೊಂದು ಅರ್ಧ ಮುಗಿದದ್ದು ಕೈಗೆ ಸಿಕ್ಕಿತು.

ನೋಡು, ಪ್ರಾಥಮಿಕ ಗಣಿತ ಅಂದರೆ ಈ ಕಂಬಿ ಅಂದೆ. ಮೊದಲನೇ ಕ್ಲಾಸಲ್ಲಿ ಮೂರರಿಂದ ಐದು ಕಳೆಯೋಕಾಗಲ್ಲ ಅಂತ ಹೇಳಿಕೊಟ್ಟರು, ಮಣಿ ಮುಗಿದುಹೋಗುತ್ತೆ. ಆಮೇಲೆ ಕಂಬಿಯನ್ನು ಸೊನ್ನೆಯ ಆಚೆಗೂ ಎಳೆದರು, -2 ಬಂತು. ಮೂರನ್ನು ಎರಡರಿಂದ ಭಾಗಿಸಿದರೆ ಶೇಷ 1 ಅಂದರು, ಆಮೇಲೆ ಎರಡು ಗುರುತಿನ ಮಧ್ಯೆಯೂ ಜಾಗ ಇದೆ, ಒಂದೂವರೆ ಅನ್ನು ಅಂದರು. √2 ಅಂತ ಇನ್ನೂ ಸಂದಿಯಲ್ಲಿ ತುರುಕಿದರು. ಪ್ರತಿ ಸಲ 'ಆಗಲ್ಲ' ಅಂದದ್ದು ಆಮೇಲೆ ಆಯಿತು, ಆದರೆ ಪ್ರತಿ ಸಲವೂ ಮಣಿ ಕಂಬಿ ಮೇಲೇ ಇತ್ತು. ಈಗ ಹೇಳು, -1ರಿಂದ ಗುಣಿಸೋದು ಅಂದರೆ ಏನು? 3 ಇದ್ದದ್ದು -3 ಆಗುತ್ತೆ. ಸೊನ್ನೆಯ ಈ ಕಡೆ ಇದ್ದ ಮಣಿ ಅಷ್ಟೇ ದೂರ ಆ ಕಡೆಗೆ ಹೋಯಿತು. ಅಂದರೆ ಸೊನ್ನೆಯನ್ನು ಹಿಡಿದುಕೊಂಡು ಅರ್ಧ ಸುತ್ತು ತಿರುಗಿಸಿದ ಹಾಗೆ. ಇನ್ನೊಮ್ಮೆ -1ರಿಂದ ಗುಣಿಸು, ಇನ್ನರ್ಧ ಸುತ್ತು, ವಾಪಸ್ 3. ಋಣ ಋಣ ಸೇರಿ ಧನ ಯಾಕಾಗುತ್ತೆ ಅನ್ನೋದೂ ಇದರಲ್ಲೇ ಇದೆ.

ಈಗ √-1 ಬೇಕು. ಅಂದರೆ ಎರಡು ಸಲ ಮಾಡಿದರೆ ಅರ್ಧ ಸುತ್ತು ಆಗಬೇಕು. ಒಂದು ಸಲಕ್ಕೆ?

"ಕಾಲು ಸುತ್ತು."

ಕಾಲು ಸುತ್ತು ತಿರುಗಿದರೆ ಮಣಿ ಎಲ್ಲಿರುತ್ತೆ? ಅವಳು ಚೌಕಟ್ಟನ್ನು ಹಿಡಿದು ನೋಡ್ತಾನೇ ಇದ್ದಳು. ಕಂಬಿ ಮೇಲೆ ಇರಲ್ಲ. ನೆಟ್ಟಗೆ ಮೇಲಕ್ಕೆ, ಕಂಬಿ ಬಿಟ್ಟು, ಗಾಳಿಯಲ್ಲಿ. ಅದಕ್ಕೇ ಮಹಾವೀರಾಚಾರ್ಯರಿಗೆ ಸಿಗಲಿಲ್ಲ. ಅವರು ಕಂಬಿಯ ಉದ್ದಕ್ಕೂ ಹುಡುಕಿದರು, ಅಲ್ಲಿ ಇರಲಿಲ್ಲ, ಇಲ್ಲ ಅಂದರು. ಸತ್ಯವನ್ನೇ ಹೇಳಿದರು. ಎರಡು ನೋಟ್‌ಬುಕ್ಕಿನಲ್ಲಿ ಯಾವುದೂ ಸುಳ್ಳಲ್ಲ, ಒಂದು ಕಂಬಿಯ ಬಗ್ಗೆ, ಇನ್ನೊಂದು ಇಡೀ ಹಲಗೆಯ ಬಗ್ಗೆ.

ಭಾವ ಇಷ್ಟು ಹೊತ್ತೂ ಸುಮ್ಮನೆ ಕೇಳ್ತಾ ಕೂತಿದ್ದರು. "ಇದೆಲ್ಲ ಕಾಗದದ ಮೇಲೆ ಚೆನ್ನಾಗೈತೆ. ಇದ್ರಿಂದ ಏನಾದ್ರೂ ತಿರುಗ್ತದಾ?" ಅಂದರು. ಅವರ ಬಾಯಲ್ಲಿ 'ತಿರುಗ್ತದಾ' ಅನ್ನೋ ಪದವೇ ಬಂದದ್ದು ನನ್ನ ಅದೃಷ್ಟ :)

ಭಾವಾ, ನಿಮ್ಮ ಮೋಟರಿನ ಕಂಡೆನ್ಸರ್ ಹೋದರೆ ಏನಾಗುತ್ತೆ ಅಂತ ಕೇಳಿದೆ. "ಗುಂಯ್ ಅಂತದೆ, ತಿರುಗಲ್ಲ." ಮನೆ ಫ್ಯಾನಿಗೂ ಹಾಗೇ ಅಲ್ಲವಾ, ಕಂಡೆನ್ಸರ್ ಕೆಟ್ಟರೆ ಗುಂಯ್ಗುಡುತ್ತೆ, ಕೋಲಿನಲ್ಲಿ ಒಂದು ಸಲ ತಳ್ಳಿದರೆ ಆ ಕಡೆಗೇ ನಿಧಾನಕ್ಕೆ ಹೊರಡುತ್ತೆ. ಯಾಕೆ? ಮನೆಗೆ ಬರೋ ಸಿಂಗಲ್ ಫೇಸ್ ಕರೆಂಟು ಹಿಂದಕ್ಕೆ ಮುಂದಕ್ಕೆ, ಹಿಂದಕ್ಕೆ ಮುಂದಕ್ಕೆ, ಸೆಕೆಂಡಿಗೆ 50 ಸಲ. ಒಂದೇ ಸುರುಳಿ ಇದ್ದರೆ ಅದರ ಅಯಸ್ಕಾಂತ ಬಲವೂ ಧನ, ಋಣ, ಧನ, ಋಣ ಅಂತ ಒಂದೇ ಗೆರೆಯ ಮೇಲೆ ಓಲಾಡುತ್ತೆ. ಕಂಬಿ ಮೇಲಿನ ಮಣಿ! ಯಾವ ಕಡೆ ತಿರುಗಬೇಕು ಅಂತ ಮೋಟರಿಗೆ ಹೇಗೆ ಗೊತ್ತಾಗಬೇಕು? ಅದಕ್ಕೇ ಅಡ್ಡಡ್ಡಕ್ಕೆ ಎರಡನೇ ಸುರುಳಿ ಇಟ್ಟು, ಕಂಡೆನ್ಸರ್ ಮೂಲಕ ಅದರ ಕರೆಂಟನ್ನು ಸರಿಸುಮಾರು ಕಾಲು ಸುತ್ತು ಮುಂದೆ ಓಡಿಸ್ತಾರೆ. ಒಂದು ಗೆರೆ ಮೇಲಿನ ಓಲಾಟ, ಅದಕ್ಕೆ ಅಡ್ಡವಾಗಿ ಕಾಲು ಸುತ್ತು ಆಚೆಗಿನ ಇನ್ನೊಂದು ಓಲಾಟ, ಎರಡೂ ಸೇರಿದಾಗ ಬಲ ಸುತ್ತಲು ಶುರುವಾಗುತ್ತೆ. ಎಂಜಿನಿಯರುಗಳು ಈ ಕಂಡೆನ್ಸರ್ ಲೆಕ್ಕ ಬರೆಯುವಾಗ √-1 ಹಾಕ್ತಾರೆ. ಅವರಿಗೆ ಐ ಅಂದರೆ ಕರೆಂಟು, ಅದಕ್ಕೇ ಇದನ್ನು ಜೆ ಅಂತಾರೆ, ಅಷ್ಟೇ ವ್ಯತ್ಯಾಸ. ಈ ದಾರಿಯನ್ನು ಎಲೆಕ್ಟ್ರಿಕ್ ಎಂಜಿನಿಯರುಗಳಿಗೆ ರೂಢಿ ಮಾಡಿಸಿದವನು ಸ್ಟೈನ್‌ಮೆಟ್ಸ್, 1893ರಲ್ಲಿ. ಅದಾಗಿ ಒಂಬತ್ತೇ ವರ್ಷಕ್ಕೆ, 1902ರಲ್ಲಿ, ನಮ್ಮ ಕಾವೇರಿ ಶಿವನಸಮುದ್ರದಲ್ಲಿ ಧುಮುಕಿ ಮಾಡಿದ ಇಂಥದೇ ಓಲಾಡುವ ಕರೆಂಟು ಸುಮಾರು 147 ಕಿಲೋಮೀಟರ್ ತಂತಿ ಮೇಲೆ ಕೋಲಾರದ ಚಿನ್ನದ ಗಣಿಗೆ ಹೋಯಿತು.

ಕಂಡೆನ್ಸರ್ ಒಳಗೆ √-1 ಕೂತಿದೆ ಅಂತ ನಾನು ಹೇಳ್ತಿಲ್ಲ. ಮೂರು ಮಾವಿನಹಣ್ಣಿನ ಒಳಗೆ '3' ಕೂತಿರಲ್ಲ, ಹಾಗೇ.

ಇದಕ್ಕೆ 'ಕಾಲ್ಪನಿಕ' ಅನ್ನೋ ಹೆಸರಿಟ್ಟವನ ಮೇಲೆ ನನಗೆ ಸಿಟ್ಟಿದೆ. 1637ರಲ್ಲಿ ಡೆಕಾರ್ಟ್ ಬಳಸಿದ ಪದ, ಅಷ್ಟೇನೂ ಪ್ರೀತಿಯಿಂದಲ್ಲ. ಅದೇ ಅನುವಾದವಾಗಿ ನಮ್ಮ ಪುಸ್ತಕಗಳಿಗೂ ಬಂದು, ಮಕ್ಕಳಿಗೆ ಮೊದಲ ದಿನವೇ 'ಇದು ಸುಳ್ಳು ಸಂಖ್ಯೆ' ಅನ್ನಿಸಿಬಿಡುತ್ತೆ. ಅಡ್ಡ ಸಂಖ್ಯೆ ಅಂತ ಇಟ್ಟಿದ್ದರೆ ಎಷ್ಟು ಚೆನ್ನಾಗಿರ್ತಿತ್ತು!

ಹಾಗಂತ ಕಂಬಿ ಬಿಟ್ಟದ್ದಕ್ಕೆ ಬೆಲೆ ಕೊಡಬೇಕು. ಕಂಬಿ ಮೇಲೆ ಯಾವ ಎರಡು ಮಣಿ ತೋರಿಸಿದರೂ ಇದು ಚಿಕ್ಕದು, ಅದು ದೊಡ್ಡದು ಅನ್ನಬಹುದು. ಹಲಗೆ ಮೇಲೆ ಆ ಸುಖ ಇಲ್ಲ. ಐ ಅನ್ನೋದು ಸೊನ್ನೆಗಿಂತ ದೊಡ್ಡದೋ ಚಿಕ್ಕದೋ? ದೊಡ್ಡದು ಅಂದರೆ ಅದರ ವರ್ಗವೂ ದೊಡ್ಡದಾಗಬೇಕು, ಅಂದರೆ -1 ಸೊನ್ನೆಗಿಂತ ದೊಡ್ಡದು ಅಂದ ಹಾಗಾಯಿತು. ಚಿಕ್ಕದು ಅಂದರೂ ಋಣದ ವರ್ಗ ಧನ, ಮತ್ತೆ ಅದೇ ಗತಿ. ಹಾಗಾಗಿ ಹೋಲಿಸೋದನ್ನೇ ಬಿಡಬೇಕು. ಇನ್ನೊಂದು, ಹೈಸ್ಕೂಲಲ್ಲಿ ಕಲಿತ 'ಎರಡು ವರ್ಗಮೂಲ ಗುಣಿಸಿದರೆ ಒಳಗಿನವನ್ನು ಗುಣಿಸಿ ವರ್ಗಮೂಲ ತೆಗೆದ ಹಾಗೆ' ಅನ್ನೋ ನಿಯಮ. ಅದನ್ನು √-1 ಗುಣಿಸು √-1ಕ್ಕೆ ಹಾಕಿದರೆ 1 ಬರುತ್ತೆ, ಬರಬೇಕಾದ್ದು -1. ಋಣಗಳಿಗೆ ಆ ನಿಯಮ ನಡೆಯಲ್ಲ. ಹಳೇ ಊರಿನ ನಿಯಮಗಳಲ್ಲಿ ಯಾವುದು ಜೊತೆಗೆ ಬರುತ್ತೆ, ಯಾವುದು ಬರಲ್ಲ ಅನ್ನೋದನ್ನ ಯಾರಾದರೂ ಕೂರಿಸಿಕೊಂಡು ಹೇಳಬೇಕು. ಹುಡುಗಿಯ ನೋಟ್ಸಿನಲ್ಲಿ ಇದು ಇಂಗ್ಲಿಷಿನಲ್ಲಿ ಒಂದೇ ಸಾಲು, ಕೆಳಗೆ ಗೆರೆ ಎಳೆದಿತ್ತು. ಕಾರಣ ಇರಲಿಲ್ಲ.

ನನ್ನ ತಕರಾರು ಇರೋದು ಇಲ್ಲೇ. ನಮ್ಮ ತಾಲ್ಲೂಕಿನಲ್ಲಿ ನಾನು ಕಂಡ ಮಟ್ಟಿಗೆ, ಮಗು ಕಂಬಿ ಬಿಟ್ಟು ಹಲಗೆಗೆ ಕಾಲಿಡೋ ವರ್ಷವೇ ಪಾಠದ ಭಾಷೆಯೂ ಕೈಬಿಡುತ್ತೆ. ಹತ್ತನೇ ಕ್ಲಾಸಿನವರೆಗೆ ಕನ್ನಡದಲ್ಲಿ 'ಇಲ್ಲ' ಅಂತ ಕೇಳಿದವಳು, 'ಇದೆ' ಅನ್ನೋದನ್ನ ಮೊದಲ ಸಲ ಇಂಗ್ಲಿಷಿನಲ್ಲಿ ಕೇಳ್ತಾಳೆ. ಕನ್ನಡದಲ್ಲಿ ಇರೋದು 'ಇಲ್ಲ' ಮಾತ್ರ ಅಂತ ಅವಳಿಗೆ ಅನ್ನಿಸಿದರೆ ತಪ್ಪು ಯಾರದು? ಹನ್ನೆರಡನೇ ಶತಮಾನದಲ್ಲೇ ರಾಜಾದಿತ್ಯ 'ವ್ಯವಹಾರಗಣಿತ'ವನ್ನು ಕನ್ನಡದಲ್ಲಿ ಬರೆದ. 'ಗಣಿತಸಾರಸಂಗ್ರಹ'ಕ್ಕೂ 2000ದಲ್ಲಿ ಪದ್ಮಾವತಮ್ಮನವರ ಕನ್ನಡ ಅನುವಾದ ಹೊಂಬುಜದಿಂದ ಬಂತು. ಭಾಷೆಗೆ ಶಕ್ತಿ ಇಲ್ಲ ಅನ್ನೋ ಮಾತು ನಾನು ಒಪ್ಪಲ್ಲ.

ಕಾಲು ಸುತ್ತಿನ ಈ ಚಿತ್ರ ಮೊದಲು ಕೊಟ್ಟವನು ಯಾರು ಗೊತ್ತಾ? ಕ್ಯಾಸ್ಪರ್ ವೆಸೆಲ್ ಅಂತ, ನಾರ್ವೆಯಲ್ಲಿ ಹುಟ್ಟಿ ಡೆನ್ಮಾರ್ಕಿನಲ್ಲಿ ಭೂಮಿ ಅಳೀತಿದ್ದ ಮನುಷ್ಯ. ನಮ್ಮ ಕಡೆ ಹೇಳೋದಾದರೆ ಸರ್ವೆಯವನು. 1797ರಲ್ಲಿ ಅಲ್ಲಿನ ಅಕಾಡೆಮಿಗೆ ಕೊಟ್ಟ, 1799ರಲ್ಲಿ ಅಚ್ಚಾಯಿತು. ಬರೆದದ್ದು ಡೇನಿಷ್ ಭಾಷೆಯಲ್ಲಿ. ಹೊರಗಿನ ಗಣಿತದವರ ಕಣ್ಣಿಗೆ ಬೀಳಲೇ ಇಲ್ಲ. 1806ರಲ್ಲಿ ಪ್ಯಾರಿಸ್ಸಿನಲ್ಲಿ ಆರ್ಗಾಂಡ್ ಅದನ್ನೇ ತಾನಾಗಿ ಕಂಡುಕೊಂಡ, ಚಿತ್ರಕ್ಕೆ ಅವನ ಹೆಸರೇ ನಿಂತಿತು. ವೆಸೆಲ್‌ನ ಬರಹ ಫ್ರೆಂಚಿಗೆ ಬಂದದ್ದು 1897ರಲ್ಲಿ. ನೂರು ವರ್ಷ! ಇದನ್ನು ಹೇಳಿದಾಗ ಹುಡುಗಿ ಬೊಂಬೆಲ್ಲಿಗಿಂತ ಇದಕ್ಕೇ ಹೆಚ್ಚು ಕಿವಿಗೊಟ್ಟಳು.

ಕಾಮರ್ಸ್ ಅರ್ಜಿ ಏನಾಯಿತು ಅಂತೀರಾ? ಅಕ್ಕ ಅವತ್ತು ಕೇಳಿದ್ದಕ್ಕೆ "ಈ ಟೆಸ್ಟ್ ಆಗ್ಲಿ ಇರಮ್ಮ" ಅಂದಳು. ನಾನು ಮಾತ್ರ ಆ ವಿಷಯ ಎತ್ತಲಿಲ್ಲ. ಕಾಮರ್ಸ್ ಓದೋದು ಕೆಟ್ಟದ್ದೇನಲ್ಲ. ತನಗೆ ಅರ್ಥ ಆಗಲ್ಲ ಅಂದುಕೊಂಡು ಹೋಗೋದು ಬೇಡ ಅಂತಷ್ಟೇ ನನ್ನ ಆಸೆ.

ಊಟಕ್ಕೆ ಮುದ್ದೆ, ಅವರೆಕಾಳು ಸಾರು ಬಡಿಸಿದ್ದರು. ನಡುವೆ ತಲೆ ಎತ್ತಿ, "ಮಾವ, ಹಂಗಾದ್ರೆ ಐಗೂ ಒಂದು ವರ್ಗಮೂಲ ಬೇಕಲ್ಲ? ಅದಕ್ಕೆ ಹಲಗೆನೂ ಬಿಟ್ಟು ಇನ್ನೆಲ್ಲಿಗೋ ಹೋಗ್ಬೇಕಾ?" ಅಂದಳು. ಬೇಡ. ಕಾಲು ಸುತ್ತಿನ ಅರ್ಧ ಎಷ್ಟು, 45 ಡಿಗ್ರಿ. ಅದು ಇದೇ ಹಲಗೆ ಮೇಲೇ ಇದೆ. ಇನ್ನು ಎಂಥ ಬಹುಪದ ಸಮೀಕರಣ ತಂದರೂ ಉತ್ತರ ಈ ಹಲಗೆ ದಾಟಿ ಹೋಗಲ್ಲ, ಗೌಸ್ 1799ರಲ್ಲಿ ಡಾಕ್ಟರೇಟಿಗೆ ಬರೆದ ಪ್ರಬಂಧವೇ ಇದರ ಮೇಲೆ. ಅವಳು ಎಡಗೈಯಲ್ಲಿ ಪೆನ್ಸಿಲ್ ಹಿಡಿದು ಬಲಕ್ಕೆ 1/√2, ಮೇಲಕ್ಕೆ 1/√2 ಅಂತ ಗುರುತು ಹಾಕಿ ವರ್ಗ ಮಾಡಿದಳು. ಅರ್ಧ, ಐ, ಮೈನಸ್ ಅರ್ಧ. ಅರ್ಧಗಳು ಹೊಡೆದುಹೋಗಿ ಐ ಉಳಿಯಿತು.

"ಇನ್ನೊಂದೂ ಇರ್ಬೇಕಲ್ಲ, ಎದುರುಗಡೆ" ಅಂದಳು.

ಇದೆ. 225 ಡಿಗ್ರಿಯಲ್ಲಿ.